ಮೇಷ್ಟ್ರು ಅತ್ತ ಸಿನಿಮಾ

ಬಳ್ಳಾರಿಯ ನಮ್ಮ ಎದುರುಮನೆಯ ನಿವೃತ್ತ ಮೇಷ್ಟ್ರು ಭಾನುವಾರ ಅಕ್ಕಪಕ್ಕದವರನ್ನು ಕೂಡಿಸಿ, ಮಂಡಕ್ಕಿ ಒಗ್ಗರಣೆ, ಮಿರ್ಚಿ ಬಜ್ಜಿ ಕೊಟ್ಟು, ಹೊರದೇಶದ ಸಿನಿಮಾ ತೋರಿಸುತ್ತಿದ್ದರು. ನಡುನಡುವೆ ನಿಲ್ಲಿಸಿ ಕಥೆ ಬಿಡಿಸಿ ಹೇಳಿ, “ತಿಳೀತೇನ್ರಿ?” ಅನ್ನುವರು.

ಅವತ್ತಿನದು ಜರ್ಮನಿಯ ಹಳೆಯ ಚಿತ್ರ. ದೇಶ ಎರಡಾಗಿದೆ, ಹುಡುಗ ಪಶ್ಚಿಮಕ್ಕೆ ಹೋಗುತ್ತಾನೆ, ಹುಡುಗಿ ಪೂರ್ವದಲ್ಲೇ ಉಳಿಯುತ್ತಾಳೆ. ಮೇಷ್ಟ್ರು ಇಸ್ತ್ರಿಯ ಕರ್ಚೀಫನ್ನು ಮಡಿಕೆ ಬಿಚ್ಚದೆ ಕಣ್ಣಿಗೆ ಒತ್ತಿಕೊಂಡರು. “ರಾಜಕೀಯಕ್ಕ ಪ್ರೀತಿ ಬಲಿ ಕೊಟ್ರು ನೋಡ್ರಿ!”

ಅವರ ಮಗಳು ಸಿರುಗುಪ್ಪದ ಹುಡುಗನನ್ನು ಮೆಚ್ಚಿದ್ದಳು. ಅವನ ತಂದೆ ರಾಜಕೀಯದಲ್ಲಿ ತಮ್ಮ ಎದುರು ಪಕ್ಷದವರೆಂದು ಮೇಷ್ಟ್ರು ಒಪ್ಪಿರಲಿಲ್ಲ.

“ಹಂಗಾದ್ರ ಸಿರುಗುಪ್ಪದವರನ್ನ ಬರ್ರಿ ಅನ್ಲೇನಪ್ಪಾ?” ಎಂದಳು ಅವಳು.

ಮಿರ್ಚಿ ಕಡಿಯುತ್ತಿದ್ದ ನಾವೆಲ್ಲ ಮೇಷ್ಟ್ರ ಕಡೆ ತಿರುಗಿದೆವು.

“ಅದು ಜರ್ಮನಿ, ಅವ್ವಾ. ನಮಗ ಮುಂದಿನ ತಿಂಗಳು ಎಲೆಕ್ಷನ್ ಐತಿ.”

“ಎಲೆಕ್ಷನ್ ಮುಗಿದ ಮ್ಯಾಲೆ?”

ಮೇಷ್ಟ್ರು ಕರ್ಚೀಫು ಜೇಬಿಗಿಟ್ಟರು. “ರಿಸಲ್ಟ್ ಬರಲಿ ತಡಿ. ಅವರ ಪಾರ್ಟಿ ಗೆದ್ರ ನೋಡೋಣು.”