ಟಿರೆವಾ ದೊರೆಮನೆಯ ಸೊಸೆ

ಸಬೈನಾ ಕ್ಲೊಹರ್ಟಿ ಟಿರೆವಾ ದೊರೆಮನೆಯಲ್ಲಿ ಬೆಣ್ಣೆ ಕಡೆಯುತ್ತಿದ್ದವಳು. ಆ ಮನೆತನದ ಹೆಸರು ಪೇಕ್‌ಫೀಲ್ಡ್. ಅವರ ಮೂಲಪುರುಷ ಕ್ರಾಮ್‌ವೆಲ್ಲನ ದಂಡಿನ ಜೊತೆ ಇಂಗ್ಲೆಂಡಿನಿಂದ ಬಂದು, ಐರ್ಲೆಂಡಿನ ಗಾಲ್ವೇ ಸೀಮೆಯಲ್ಲಿ ಸಬೈನಾಳ ಹಿರಿಯರು ಉಳುತ್ತಿದ್ದ ನೆಲವನ್ನೇ ಇನಾಮಾಗಿ ಪಡೆದವನು. ನೂರೈವತ್ತು ವರ್ಷದ ಮೇಲೆ, ಡಬ್ಲಿನ್ನಿನ ಪಾರ್ಲಿಮೆಂಟನ್ನು ಮುಚ್ಚಿ ಲಂಡನ್ನಿನದಕ್ಕೆ ಸೇರಿಸಲು ಮತ ಹಾಕಿದ್ದಕ್ಕೆ ಅವನ ವಂಶದವನೊಬ್ಬನಿಗೆ ಲಾರ್ಡ್ ಟಿರೆವಾ ಎಂಬ ಪದವಿ ಸಿಕ್ಕಿತು. ಪದವಿ ಗಂಡುಸಂತಾನಕ್ಕೆ ಮಾತ್ರ. ಆ ಸಂತಾನವೂ ಕಾನೂನು ಒಪ್ಪುವ ಮದುವೆಯಿಂದ ಹುಟ್ಟಿರಬೇಕು.

ಎರಡನೆಯ ಲಾರ್ಡನ ಮೂವರು ಗಂಡುಮಕ್ಕಳಲ್ಲಿ ಕಿರಿಯವನು ಹ್ಯೂಯಿಟ್. ಸೈನ್ಯದಿಂದ ಎದೆರೋಗ ಅಂಟಿಸಿಕೊಂಡು ಮನೆಗೆ ಬಂದಿದ್ದ. ಅವನಿಗೆ ದಿನವೂ ಬಿಸಿಹಾಲು ಒಯ್ದು ಕೊಡುವ ಕೆಲಸ ಸಬೈನಾಳ ಪಾಲಿಗೆ ಬಂತು. ಮೊದಮೊದಲು ಲೋಟ ಇಟ್ಟು ಬರುತ್ತಿದ್ದಳು. ಆಮೇಲಾಮೇಲೆ ಅವನು ಕುಡಿದು ಮುಗಿಸುವವರೆಗೆ ನಿಲ್ಲತೊಡಗಿದಳು. ಅವಳಿಗಾಗಿ ಅವನು ಮನೆಯವರ ಪ್ರಾಟೆಸ್ಟೆಂಟ್ ಮತ ಬಿಟ್ಟು ಗುಟ್ಟಾಗಿ ಕ್ಯಾಥೊಲಿಕ್ ಆದ. 1858ರ ಜೂನ್ ತಿಂಗಳಲ್ಲಿ ಊರ ಪಾದ್ರಿ ಫಾದರ್ ಮ್ಯಾಲಕಿ ಅವರಿಬ್ಬರ ಮದುವೆ ಮಾಡಿಸಿದರು. ಸಾಕ್ಷಿಗೆ ನಿಂತವರು ಪಾದ್ರಿಯ ತಂಗಿ ಬಿಡೀಲಿಯಾ ಮತ್ತು ಗಂಟೆ ಬಾರಿಸುವ ಮುದುಕ.

ಗಂಡಹೆಂಡಿರು ದೊರೆಮನೆಯ ಹೆಬ್ಬಾಗಿಲ ಪಕ್ಕದ ಎರಡು ಕೋಣೆಯ ಮನೆಯಲ್ಲಿ ಬಾಳಿದರು. ಮುದಿ ಲಾರ್ಡ್ ಕಂಡೂ ಕಾಣದಂತೆ ಇದ್ದುಬಿಟ್ಟ. ಲಾರೆನ್ಸ್ ಹುಟ್ಟಿದ. ಅವನಿಗೆ ಎರಡು ತುಂಬುವಾಗ ಹ್ಯೂಯಿಟ್ ತೀರಿಕೊಂಡ. ಅಲ್ಲಿಂದ ಮೂರೇ ವರ್ಷದಲ್ಲಿ ಹಿರಿಯ ಅಣ್ಣ ಕುದುರೆಯಿಂದ ಬಿದ್ದು, ನಡುವಿನವನು ಜ್ವರದಿಂದ, ಇಬ್ಬರೂ ಮಕ್ಕಳಿಲ್ಲದೆ ಸತ್ತರು. ಅವರ ಹಿಂದೆಯೇ ಮುದಿ ಲಾರ್ಡನೂ ಹೋದ. ಲೆಕ್ಕದ ಪ್ರಕಾರ ಐದು ವರ್ಷದ ಲಾರೆನ್ಸ್ ಈಗ ಲಾರ್ಡ್ ಟಿರೆವಾ. ಆದರೆ ಇಂಗ್ಲೆಂಡಿನಲ್ಲಿದ್ದ ದಾಯಾದಿ ಆಂಬ್ರೋಸ್, ಪದವಿ ತನ್ನದೆಂದು ಅರ್ಜಿ ಹಾಕಿದ.

ಸಬೈನಾಳ ಪರವಾಗಿ ನಿಂತ ವಕೀಲ ಟೂಹಿ ಕಡ್ಡಿ ಮುರಿದಂತೆ ಹೇಳಿದ: "ನೋಡಿ ತಾಯಿ, ಮದುವೆಗೆ ಮುಂಚೆ ಒಂದು ವರ್ಷದೊಳಗೆ ನಿಮ್ಮ ಯಜಮಾನ್ರು ಪ್ರಾಟೆಸ್ಟೆಂಟ್ ಆಗಿದ್ರು ಅಂತಾದ್ರೆ, ಕ್ಯಾಥೊಲಿಕ್ ಪಾದ್ರಿ ಮಾಡಿಸಿದ ಮದುವೆ ಕಾನೂನಲ್ಲಿ ಮದುವೇನೇ ಅಲ್ಲ. ಅವ್ರು ಮತ ಬದಲಾಯಿಸಿದ್ದು ಯಾವಾಗ?"

"ಸಕಲ ಸಂತರ ಹಬ್ಬದ ದಿನ. ಮದುವೆಗೆ ಏಳು ತಿಂಗಳು ಮುಂಚೆ."

ಟೂಹಿ ಕಾಗದಗಳನ್ನು ಮಡಚಿದ. "ಚೆನ್ನಾಗಿ ನೆನಪು ಮಾಡ್ಕೊಳ್ಳಿ. ಅದರ ಹಿಂದಿನ ವರ್ಷದ ಹಬ್ಬ ಇರಬಹುದು," ಎಂದು ಟೋಪಿ ತೆಗೆದುಕೊಂಡು ಹೊರಟ.

ಫಾದರ್ ಮ್ಯಾಲಕಿ ಆ ವರ್ಷದ ಈಸ್ಟರ್‌ಗೆ ಮುಂಚೆಯೇ ಕಣ್ಣು ಮುಚ್ಚಿದ್ದರು. ಗಂಟೆಯ ಮುದುಕನೂ ಇರಲಿಲ್ಲ. ಮದುವೆಯ ದಾಖಲೆ ಪುಸ್ತಕ ಬಿಡೀಲಿಯಾಳ ಪೆಟ್ಟಿಗೆಯಲ್ಲಿತ್ತು. ಅವಳು ಅದನ್ನು ಶಾಲಿನೊಳಗೆ ಮುಚ್ಚಿಕೊಂಡು ತಂದು ಓದಿ ಹೇಳಿದಳು. ಮದುವೆಯ ದಿನ, ಹೆಸರುಗಳು, ಕೆಳಗೆ ಅದೇ ಕೈಬರಹದಲ್ಲಿ ಒಂದು ಸಾಲು: ವರನನ್ನು ಕಳೆದ ಸಕಲ ಸಂತರ ಹಬ್ಬದಂದು ನಾನೇ ಮತಕ್ಕೆ ಸೇರಿಸಿಕೊಂಡೆ.

ಸಬೈನಾಳ ತಾಯಿ ಒಲೆಯ ಮುಂದೆ ಕೂತಿದ್ದಳು. "ಕಿತ್ತು ಒಲೆಗೆ ಹಾಕೇ. ಅವರು ನಮ್ಮ ನೆಲ ತಿಂದೋರು. ನೀನು ಒಂದು ಹಾಳೆ ಸುಟ್ರೆ ಆಕಾಶ ಕಳಚಿ ಬೀಳುತ್ತಾ?"

"ಅಮ್ಮಾ, ಮದುವೆ ಆಗಿದ್ದೂ ಅದೇ ಹಾಳೇಲಿದೆ."

"ಮದುವೆ ಕಣ್ಣಾರೆ ಕಂಡೋಳು ಇಲ್ಲೇ ಕೂತಿದಾಳಲ್ಲ," ಎಂದು ತಾಯಿ ಬಿಡೀಲಿಯಾಳ ಕಡೆ ಗದ್ದ ಎತ್ತಿದಳು.

ಬಿಡೀಲಿಯಾ ಒಪ್ಪಲೂ ಇಲ್ಲ, ಬೇಡವೆನ್ನಲೂ ಇಲ್ಲ. "ಅಣ್ಣನ ಕೈಬರಹ ಅದು," ಎಂದಷ್ಟೇ ಹೇಳಿ ಕಿಟಕಿಯ ಕಡೆ ತಿರುಗಿದಳು. ಸಬೈನಾ ಹಾಳೆಯನ್ನು ಹೊಲಿಗೆಯ ಬುಡದಿಂದ ಹುಷಾರಾಗಿ ಬಿಡಿಸಿದಳು. ಒಲೆಯಲ್ಲಿ ಸೌದೆಯ ಬದಲು ಒಣಗಿಸಿದ ಜೌಗುಮಣ್ಣಿನ ಹೆಂಟೆಗಳು ಮಂದವಾಗಿ ಉರಿಯುತ್ತಿದ್ದವು. ಹಾಳೆ ಹತ್ತಿಕೊಳ್ಳಲು ಹೊತ್ತು ಹಿಡಿಯಿತು. ಮನಸ್ಸು ಮಾಡಿದ್ದರೆ ತೆಗೆದುಕೊಳ್ಳಬಹುದಿತ್ತು.

ವಿಚಾರಣೆ ನಡೆದದ್ದು ಲಂಡನ್ನಿನಲ್ಲಿ, ಲಾರ್ಡುಗಳ ಸಮಿತಿಯ ಮುಂದೆ. ಸಬೈನಾ ಬೈಬಲ್ ಮುಟ್ಟಿ ಒಂದು ವರ್ಷ ಹಿಂದಿನ ಹಬ್ಬವನ್ನು ಹೇಳಿದಳು. ಆಂಬ್ರೋಸನ ವಕೀಲ ತಲೆಯಾಡಿಸುತ್ತ ಕೇಳಿಸಿಕೊಂಡು, ಜೇಬಿನಿಂದ ಒಂದು ಕಾಗದ ತೆಗೆದ. ಹ್ಯೂಯಿಟ್ ತನ್ನ ದಾಯಾದಿಯನ್ನು ನಂಬಿ ಬರೆದದ್ದು: "ನಿನ್ನೆ, ಸಕಲ ಸಂತರ ಹಬ್ಬದಂದು, ನಾನು ಕ್ಯಾಥೊಲಿಕ್ ಆದೆ. ಅಪ್ಪನಿಗೆ ಹೇಳಬೇಡ." ಮೇಲೆ 1857ರ ತಾರೀಖು. ಗಂಡನ ಅಕ್ಷರದ ಬಾಲಗಳನ್ನು ಸಬೈನಾ ದೂರದಿಂದಲೇ ಗುರುತು ಹಿಡಿದಳು.

"ಪಾದ್ರಿಯ ಪುಸ್ತಕದಲ್ಲಿ ಒಂದು ಹಾಳೆ ಇಲ್ಲ," ಎಂದ ವಕೀಲ. "ಅದು ಎಲ್ಲಿ ಹೋಯ್ತು ಅಂತ ನಿಮಗೆ ಗೊತ್ತಾ?"

ಬಿಡೀಲಿಯಾ ಆಗಲೇ ತನಗೆ ಗೊತ್ತಿಲ್ಲವೆಂದು ಆಣೆಯಿಟ್ಟು ಹೇಳಿಯಾಗಿತ್ತು. "ನಾನೇ ಸುಟ್ಟೆ," ಎಂದಳು ಸಬೈನಾ. "ಆದ್ರೆ ಮದುವೆ ಆಗಿತ್ತು ಸ್ವಾಮಿ. ಅದು ಸುಳ್ಳಲ್ಲ."

ಅಲ್ಲಿಗೆ ಎಲ್ಲ ಮುಗಿಯಿತು. ದಿನಾಂಕದ ಬಗ್ಗೆ ಸುಳ್ಳು ಹೇಳಿದವಳ ಮಾತನ್ನು ಮದುವೆಯ ಬಗ್ಗೆ ಯಾರು ನಂಬುತ್ತಾರೆ? ಹಾಳೆಯ ಬಗ್ಗೆ ಗೊತ್ತಿಲ್ಲವೆಂದಿದ್ದ ಬಿಡೀಲಿಯಾಳ ಸಾಕ್ಷಿಯೂ ಅದರ ಜೊತೆ ಬಿದ್ದುಹೋಯಿತು. ನಿಜ ಹೇಳಿದ್ದರೆ ಪದವಿ ಮಾತ್ರ ಕೈತಪ್ಪುತ್ತಿತ್ತು. ಪಾದ್ರಿಯ ಮುಂದೆ ಕೈಹಿಡಿದ ಹೆಂಡತಿ ಎಂಬ ಹೆಸರಾದರೂ ಉಳಿಯುತ್ತಿತ್ತು. ಮದುವೆ ನಡೆದದ್ದಕ್ಕೇ ಆಧಾರವಿಲ್ಲ ಎಂದು ತೀರ್ಪಾಯಿತು. ಆಂಬ್ರೋಸ್ ಮೂರನೆಯ ಲಾರ್ಡ್ ಆದ. ಐದು ವರ್ಷದ ಮೇಲೆ ಕಾನೂನೇ ಬದಲಾಗಿ ಅಂಥ ಮದುವೆಗಳಿಗೆ ದಾರಿ ತೆರೆಯಿತು. ಹಳೆಯ ಮದುವೆಗಳಿಗೆ ಅದರಿಂದ ಏನೂ ಆಗಲಿಲ್ಲ.

ಹೊಸ ಲಾರ್ಡ್ ಎರಡು ಕೋಣೆಯ ಮನೆ ಬಿಡಿಸಿದ. ದೊರೆಗಳ ಇಗರ್ಜಿಯ ಗೋಡೆಗೆ ಹ್ಯೂಯಿಟನ ಹೆಸರಿನ ಕಲ್ಲು ಕೂರಿಸಿದ. ಅದರಲ್ಲಿ 'ಅವಿವಾಹಿತ' ಎಂದು ಕೆತ್ತಿಸಿದ. ಬಿಡೀಲಿಯಾ ಸಬೈನಾಳನ್ನು ಬೈಯಲಿಲ್ಲ, ಆದರೆ ಮತ್ತೆ ಅವಳ ಹೊಸಿಲು ತುಳಿಯಲಿಲ್ಲ. ಭಾನುವಾರದ ಪೂಜೆಯಲ್ಲಿ ಸಬೈನಾಳ ಪಕ್ಕದ ಜಾಗ ಖಾಲಿಯಿರುತ್ತಿತ್ತು. ಅವಳು ಮಗನನ್ನು ಕರೆದುಕೊಂಡು ಲಿಮರಿಕ್‌ಗೆ ಹೋದಳು. ಅಲ್ಲಿನ ಬೆಣ್ಣೆ ಮಂಡಿಯಲ್ಲಿ ಹದಿನಾರು ವರ್ಷ, ಬೆಣ್ಣೆಗೆ ಉಪ್ಪು ಬೆರೆಸಿ ಬೆರೆಸಿ ಅವಳ ಬೆರಳುಗಳು ಬಿರಿದುಹೋದವು.

ಲಾರೆನ್ಸನಿಗೆ ಇಪ್ಪತ್ತೆರಡಾಯಿತು. ಬಂದರಿನಲ್ಲಿ ಕೆಲಸ. ಒಂದು ಮಧ್ಯಾಹ್ನ ಊಟಕ್ಕೆ ಕೂತವನು ಆಲೂಗಡ್ಡೆ ಸುಲಿಯುತ್ತಲೇ ಕೇಳಿದ:

"ಅಮ್ಮಾ, ಬೇಜಾರು ಮಾಡ್ಕೋಬೇಡ. ನಿಜವಾಗ್ಲೂ ಮದುವೆ ಆಗಿತ್ತಾ?"

ಸಬೈನಾ ಕೈಯಲ್ಲಿದ್ದ ಪಾತ್ರೆ ಕೆಳಗಿಟ್ಟಳು. ಆ ಬೆಳಿಗ್ಗೆ ಮಳೆ ಬಂದದ್ದು, ಉಂಗುರ ಸಡಿಲವಾಗಿ ಅವಳು ಬೆರಳು ಮಡಚಿಕೊಂಡೇ ನಿಂತದ್ದು, ಪ್ರತಿಜ್ಞೆಯ ನಡುವೆ ಹ್ಯೂಯಿಟನಿಗೆ ಕೆಮ್ಮು ಬಂದು ಪಾದ್ರಿ ಕಾದದ್ದು, ಎಲ್ಲವನ್ನೂ ಹೇಳಿದಳು. ಹೇಳುತ್ತ ಹೇಳುತ್ತ ದನಿ ತಾನಾಗಿ ಏರಿತು, ಇನ್ನೂ ಲಂಡನ್ನಿನ ಆ ಕೋಣೆಯಲ್ಲೇ ನಿಂತಿದ್ದಾಳೇನೋ ಎಂಬಂತೆ.

ಲಾರೆನ್ಸ್ ಕೊನೆಯವರೆಗೂ ಕೇಳಿದ. "ಸರಿ ಅಮ್ಮ," ಎಂದ. ತಟ್ಟೆ ತೊಳೆದಿಟ್ಟು ಕೆಲಸಕ್ಕೆ ಹೊರಟ. ಮಗ ನಂಬಿದನೋ, ತಾಯಿಯ ಮನಸ್ಸು ನೋಯದಿರಲೆಂದು ಹಾಗೆ ಹೇಳಿದನೋ ಅವಳಿಗೆ ತಿಳಿಯಲಿಲ್ಲ. ಮತ್ತೆ ಕೇಳುವ ಧೈರ್ಯವೂ ಅವಳಿಗೆ ಬರಲಿಲ್ಲ.