ಎರಡು ವರ್ಷದ ಅರ್ಜಿ

ಬೆಳಿಗ್ಗೆ ಹನ್ನೊಂದಕ್ಕೆ ಅಂಗನವಾಡಿಯಿಂದ ತಳ ಹಿಡಿದ ಗೋಧಿ ಪಾಯಸದ ವಾಸನೆ ಬಂತೆಂದರೆ, ರೇಣುಕಾ ಮತ್ತೆ ಫೋನಿನಲ್ಲಿ ಮಾತಾಡುತ್ತ ನಿಂತಿದ್ದಾಳೆ ಎಂದು ತಿಳಿಯಿರಿ. ಅವಳು ಈಗಿನ ಸಹಾಯಕಿ. ಅವಳಿಗಿಂತ ಮೊದಲು ಆ ಒಲೆ ನನ್ನದಾಗಿತ್ತು. ನಾನಿದ್ದಾಗ ಪಾಯಸ ಎಂದೂ ತಳ ಹಿಡಿಯಲಿಲ್ಲ ಎಂದು ಹೇಳುವುದಿಲ್ಲ; ಹಿಡಿದಾಗ ಕಿಟಕಿ ಮುಚ್ಚುತ್ತಿದ್ದೆ.

ಅರವತ್ತಾಯಿತು, ಮನೆಗೆ ಹೋಗು ಎಂದು ಇಲಾಖೆಯ ಕಾಗದ ಬಂದಾಗ ನನಗೆ ಐವತ್ತೆಂಟು. ಅಪ್ಪ ನನ್ನನ್ನೂ ಅಕ್ಕ ಶಾಂತವ್ವನನ್ನೂ ಒಂದೇ ದಿನ ಶಾಲೆಗೆ ಸೇರಿಸಿದ್ದ. ಹುಟ್ಟಿದ ದಿನ ಯಾರಿಗೆ ಗೊತ್ತು? ಮಾಸ್ತರರು ಎಲ್ಲ ಮಕ್ಕಳಿಗೂ ಬರೆಯುವಂತೆ ಜೂನ್ ಒಂದು ಎಂದು ಬರೆದರು. ಬರೆಯುವ ಭರದಲ್ಲಿ ನಮ್ಮಿಬ್ಬರಿಗೂ ಅಕ್ಕನ ಇಸವಿಯನ್ನೇ ಹಾಕಿಬಿಟ್ಟರು. ಅಕ್ಕ ನನಗಿಂತ ಎರಡು ವರ್ಷ ದೊಡ್ಡವಳು. ನಾಲ್ಕನೆಯ ತರಗತಿಗೆ ನಾವು ಶಾಲೆ ಬಿಟ್ಟೆವು. ಆ ತಾರೀಖು ಮಾತ್ರ ನಮ್ಮನ್ನು ಬಿಡಲಿಲ್ಲ.

ನನಗೆ ಆ ಎರಡು ವರ್ಷದ ಕೆಲಸ ಬೇಕಿತ್ತು. ಮನೆಯಲ್ಲಿ ಕೂತರೆ ಸೊಸೆಯ ಒಲೆಯ ಮುಂದೆ ನಿಂತು ತಪ್ಪು ಹುಡುಕುವವಳು ನಾನು. ಅದು ನನಗೂ ಗೊತ್ತು, ಸೊಸೆಗಂತೂ ಇನ್ನೂ ಚೆನ್ನಾಗಿ ಗೊತ್ತು. ಶಹಾಪುರದ ವಕೀಲರೊಬ್ಬರನ್ನು ಹಿಡಿದು ಸರ್ಕಾರದ ಮೇಲೆ ಅರ್ಜಿ ಹಾಕಿದೆ.

“ಸಾಕ್ಷಿ ಏನೈತ್ರಿ, ಅವ್ವಾರ?” ಎಂದರು ವಕೀಲರು.

“ನಾನ ಸಾಕ್ಷಿ,” ಎಂದಳು ಜೊತೆಗೆ ಬಂದಿದ್ದ ಅಕ್ಕ. “ಇಕಿನ್ನ ಬಗಲಾಗ ಹೊತ್ತು ತಿರುಗೇನ್ರಿ. ಒಂದ ದಿನ ಹುಟ್ಟಿದ್ರ ಹೆಂಗ ಹೊರ್ತಿದ್ದೆ?”

ಆ ಮಾತನ್ನು ಕೋರ್ಟು ಕೇಳುವ ದಿನ ಬರಲೇ ಇಲ್ಲ. ಸರ್ಕಾರದ ವಕೀಲರು ಉತ್ತರ ಕೊಡಲು ಸಮಯ ಕೇಳಿದರು. ಆಮೇಲೆ ಫೈಲು ಬರಲಿಲ್ಲ. ಫೈಲು ಬಂದ ದಿನ ನಮ್ಮ ಸರದಿ ಬರಲಿಲ್ಲ. ಒಂದೇ ಒಂದು ತಾರೀಖು, ಅದೂ ತಪ್ಪು ತಾರೀಖು ಇದ್ದವಳಿಗೆ ಕೋರ್ಟು ಲೆಕ್ಕವಿಲ್ಲದಷ್ಟು ತಾರೀಖು ಕೊಟ್ಟಿತು. ಎರಡು ವರ್ಷ ಕೇಳಲು ಹೋಗಿ ಒಂಬತ್ತು ವರ್ಷ ಹೋದವು.

“ಸಣ್ಣಾಕಿ ಅಂತ ತೋರ್ಸಾಕ ಹೋಗಿ ಮುದುಕಿ ಆದ್ಯಲ್ಲ!” ಎಂದು ಅಕ್ಕ ನಗುತ್ತಿದ್ದಳು.

ಅಷ್ಟರಲ್ಲಿ ಸೊಸೆಗೂ ನನಗೂ ಹೊಂದಿಕೆಯಾಗಿತ್ತು. ರೊಟ್ಟಿ ನನ್ನದು, ಪಲ್ಯ ಅವಳದು. ಪಲ್ಯದ ಬಗ್ಗೆ ನಾನು ಮಾತಾಡುವುದಿಲ್ಲ.

ಮೊನ್ನೆ ವಕೀಲರು ನಮ್ಮಿಬ್ಬರನ್ನೂ ಕರೆಸಿ ಆದೇಶ ಓದಿದರು. ಕೇಳಿದ ಎರಡು ವರ್ಷ ಕಳೆದುಹೋಗಿವೆ, ಇನ್ನು ತೀರ್ಮಾನಿಸಲು ಏನೂ ಉಳಿದಿಲ್ಲ, ಅರ್ಜಿ ಮುಕ್ತಾಯ.

“ನಾ ಹುಟ್ಟಿದ್ದು ಯಾವಾಗ ಅಂತ ಹೇಳ್ಯಾರೇನ್ರಿ?” ಎಂದು ಕೇಳಿದೆ.

“ಇಲ್ರಿ. ಈಗ ಅದು ಬೇಕಾಗಿಲ್ಲಂತ. ಅಪೀಲು ಹಾಕೋಣೇನ್ರಿ?”

“ನನಗೀಗ ಅರವತ್ತೇಳ್ರಿ. ಗೆದ್ರ ಆ ಒಲಿ ಮುಂದ ಯಾರು ಕುಂದ್ರಬೇಕು, ನೀವೇನು?”

ಹೊರಗೆ ಬಂದು ನಮ್ಮೂರು ಗೋಗಿಯ ಬಸ್ಸು ಹತ್ತಿದೆವು. ಹೆಂಗಸರು ಆಧಾರ್ ಕಾರ್ಡು ತೋರಿಸಿದರೆ ಸಾಕು, ಟಿಕೇಟಿಗೆ ದುಡ್ಡಿಲ್ಲ. ಕಂಡಕ್ಟರ್ ನಮ್ಮ ಎರಡೂ ಕಾರ್ಡು ಹಿಡಿದು ನೋಡಿದ.

“ಇಬ್ರೂ ಒಂದ ದಿನ ಹುಟ್ಟೀರಲ್ಲ! ಅವಳಿ ಜವಳಿ ಏನ್ರಿ, ಆಯಿ?”

ಒಂಬತ್ತು ವರ್ಷದ ರೂಢಿಯಂತೆ ಅಕ್ಕ ಎಲ್ಲವನ್ನೂ ಬಿಡಿಸಿ ಹೇಳಲು ಬಾಯಿ ತೆರೆದಳು. ನಾನು ಅವಳ ತೊಡೆ ಚಿವುಟಿದೆ.

“ಹೌದಪಾ,” ಎಂದೆ. “ಇಕಿ ಮೊದ್ಲ ಬಂದ್ಲು. ನಾ ಬರೂದು ಸ್ವಲ್ಪ ತಡಾ ಆತು.”