ಮಲ್ಲಯ್ಯನ ಮೂಗು

ನೀವು ಯಾವತ್ತಾದರೂ ದೇವರ ಮೂಗು ಮುಟ್ಟಿ ನೋಡಿದ್ದೀರಾ? ನಮ್ಮ ಓಣಿಯ ಗೌರವ್ವಕ್ಕ ಹೋದ ಗುರುವಾರ ಮುಟ್ಟಿ ನೋಡಿದರು. ಅದೂ ಕೋರ್ಟಿನಲ್ಲಿ, ನ್ಯಾಯಾಧೀಶರ ಎದುರಿಗೇ!

ಅವರ ಮನೆದೇವರಾದ ಬೆಳ್ಳಿ ಮಲ್ಲಯ್ಯ ಕಳವಾಗಿ ಎರಡು ವರ್ಷವಾಯಿತು. ಕಳ್ಳ ಬೇಗನೇ ಸಿಕ್ಕ, ದೇವರೂ ಸಿಕ್ಕ. (ಹರಕೆ ತೀರಿಸಲು ಮಂಗಸೂಳಿ ಮಲ್ಲಯ್ಯನ ಗುಡಿಗೆ ಹೋಗಿ ಭಂಡಾರದ ಅರಿಷಿಣ ಹಾರಿಸಿ ಬಂದವಳು ನಾನೇ.) ಆದರೆ ಮಲ್ಲಯ್ಯ ಮನೆಗೆ ಬರಲಿಲ್ಲ. ಠಾಣೆಯ ಕಪಾಟಿನಲ್ಲಿ ಕುಳಿತುಬಿಟ್ಟ. ಯಾವಾಗ ಕೇಳಿದರೂ ಒಂದೇ ಮಾತು: "ತನಿಖಿ ನಡದೈತ್ರಿ."

ಕಳ್ಳ ಸಿಕ್ಕ, ಮಾಲು ಸಿಕ್ಕಿತು. ಇನ್ನು ನಡೆಯುವುದಾದರೂ ಏನು?

ಗೌರವ್ವಕ್ಕನ ಮನೆಯಲ್ಲಿ ಅರಿಷಿಣ ಮೊದಲು ಮಲ್ಲಯ್ಯನಿಗೆ, ಆಮೇಲೆ ಮದುವೆಯ ಹುಡುಗಿಗೆ. ದೇವರಿಲ್ಲದೆ ಮಗಳು ಶೋಭಾಳ ಲಗ್ನ ಎರಡು ಸಲ ಮುಂದೆ ಹೋಯಿತು. ಈ ಸಲವೂ ಆಗದಿದ್ದರೆ ಬೇರೆ ಹೆಣ್ಣು ನೋಡುತ್ತೇವೆ ಅಂದರು ಬೀಗರು.

ಕೊನೆಗೆ ವಕೀಲರನ್ನು ಹಿಡಿದು ಕೋರ್ಟಿಗೆ ಅರ್ಜಿ ಹಾಕಿದರು. ನ್ಯಾಯಾಧೀಶರು ಠಾಣೆಯವರನ್ನು ಕೇಳಿದರು: ತನಿಖೆ ಇಷ್ಟು ತಡವೇಕೆ? ಗುರುವಾರ ಮಾಲು ತಂದು ತೋರಿಸಿ.

ಎರಡು ವರ್ಷ ಮಲಗಿದ್ದ ಜೀಪು ಮರುದಿನವೇ ಓಣಿಗೆ ಬಂತು! ಠಾಣೆಯ ಫೌಜದಾರರು ಚಹಾ ಕುಡಿಯುತ್ತ, "ಕೋರ್ಟಿಗ್ಯಾಕ ಹೋದ್ರಿ ಅವ್ವಾರ? ನಮಗ ಹೇಳಿದ್ರ ಆಗ್ತಿತ್ತಲ್ಲ," ಅಂದರು.

"ಹೇಳಿ ಹೇಳಿ ನನ್ನ ಬಾಯಿ ಸವದೈತಪ್ಪಾ, ನಮ್ಮ ಮಲ್ಲಯ್ಯನ ಮೂಗ ಸವದಂಗ," ಅಂದರು ಗೌರವ್ವಕ್ಕ.

ಗುರುವಾರ ನಾನೂ ಜೊತೆಗೆ ಹೋದೆ. ಕೋರ್ಟಿನಲ್ಲಿ ಸುತ್ತಿದ್ದ ಬಟ್ಟೆ ಬಿಚ್ಚಿದರೆ ಮಲ್ಲಯ್ಯ ಫಳಫಳ! ಎರಡು ವರ್ಷ ಧೂಳಲ್ಲಿದ್ದ ಬೆಳ್ಳಿಗೆ ಇಷ್ಟು ಹೊಳಪೇ? ನನ್ನ ತಲೆಯಲ್ಲಿ ಆಗಲೇ ಅನುಮಾನದ ಹುಳ ಹೊಕ್ಕಿತು.

ಗೌರವ್ವಕ್ಕ ಹೆಬ್ಬೆರಳಿಂದ ಮೂಗು ಸವರಿದರು. ಅತ್ತೆ, ಅತ್ತೆಯ ಅತ್ತೆ ಎಲ್ಲ ವಿಭೂತಿ ಹಚ್ಚಿ ತಿಕ್ಕಿ ತಿಕ್ಕಿ ಚಪ್ಪಟೆಯಾದ ಮೂಗು ಅವರ ಮಲ್ಲಯ್ಯನದು. ಇದು ಚೂಪಾಗಿತ್ತು.

"ಇಂವ ನಮ್ಮಾಂವ ಅಲ್ರಿ."

ನಾನು ಸೆರಗು ಜಗ್ಗಿದೆ. "ಸುಮ್ನ ತಗೋರಿ ಅಕ್ಕಾ, ಶೋಭಾನ ಲಗ್ನ ಐತಿ!"

"ಯಾರದೋ ಮನಿ ದೇವರಿಗೆ ಅರಿಷಿಣ ಹಚ್ಚಿ ನನ್ನ ಮಗಳನ್ನ ಹ್ಯಾಂಗ ಕಳಸ್ಲಿ?"

ಫೌಜದಾರರು ಬೆವರು ಒರೆಸಿಕೊಂಡರು. "ಪಾಲಿಶ್ ಮಾಡಿಸೇವ್ರಿ ಸಾಹೇಬ್ರ, ಅದಕ್ಕ ಹಂಗ ಕಾಣ್ತೈತಿ."

"ಪಾಲಿಶ್ ಮಾಡಿದರೆ ಮೂಗು ಬೆಳೆಯುತ್ತದೇನ್ರಿ?" ಅಂದರು ನ್ಯಾಯಾಧೀಶರು. ಸೋಮವಾರದವರೆಗೆ ಟೈಮ್ ಕೊಟ್ಟರು.

ಸೋಮವಾರ ಚಪ್ಪಟೆ ಮೂಗಿನ ಮಲ್ಲಯ್ಯ ಹಾಜರ್! ಬೇರೆ ಕಪಾಟಿನಲ್ಲಿದ್ದನಂತೆ. (ನಂಬಬೇಕಂತೆ.) ಕಿವಿಯ ಸಂದಿಯಲ್ಲಿ ಹಳೆಯ ಅರಿಷಿಣ ಹಾಗೇ ಇತ್ತು. ಸಾಕ್ಷಿ ಬೇರೆ ಬೇಕೇ?

ನಿನ್ನೆ ಮಲ್ಲಯ್ಯನಿಗೂ ಶೋಭಾಳಿಗೂ ಅರಿಷಿಣ ಆಯಿತು. ಬೀಗರು ನಗುನಗುತ್ತ ಉಂಡರು. ಕೋರ್ಟಿನಲ್ಲಿ ಕೇಳುವವರು ಒಬ್ಬರಿದ್ದರಲ್ಲ, ಅದೇ ದೇವರ ದಯೆ ಅಂತ ನಾನು ಕೈ ಮುಗಿದೆ.

ಆದರೆ ಮುಗಿದ ಕೈ ಅಲ್ಲೇ ನಿಂತಿತು. ಆ ಚೂಪು ಮೂಗಿನ ಮಲ್ಲಯ್ಯ ಯಾರ ಮನೆಯವನು? ಆ ಮನೆಯವರಿಗೂ "ತನಿಖಿ ನಡದೈತ್ರಿ" ಅಂತಲೇ ಹೇಳುತ್ತಿದ್ದಾರಾ?